ಉಪ್ಪು ತಿಂದವರು

ಬೆಳಗಿನ ಆರಕ್ಕೆ ಪಂಜರದ ಬಾಗಿಲು ಕಿರುಗುಟ್ಟಿ
ಐದು ಜನ ಇಳಿಯುತ್ತೇವೆ.
ಕಿವಿ ಮುಚ್ಚುತ್ತದೆ, ಉಗುಳು ನುಂಗಿದರೆ ತೆರೆಯುತ್ತದೆ.
ಮೇಲೆ ಜನವರಿ, ಸಕ್ಕರೆ ಗೆಡ್ಡೆಯ ಹೊಲಗಳ ಮೇಲೆ ಹಿಮ,
ಹಾರ್ಟ್ಸ್ ಬೆಟ್ಟದ ಕಡೆಯಿಂದ ಬೀಸುವ ಕುಳಿರು.
ಏಳುನೂರು ಮೀಟರ್ ಕೆಳಗೆ
ಅಂಗಿಯ ಗುಂಡಿ ಬಿಚ್ಚುವ ಸೆಕೆ.
ತುಟಿ ನೆಕ್ಕಿದರೆ ಉಪ್ಪು.
ಹೆಲ್ಮೆಟ್ಟಿನ ಪಟ್ಟಿ, ಬುತ್ತಿಯ ಡಬ್ಬಿ,
ಮಾತಾಡುವ ಗಂಟಲು, ಎಲ್ಲ ಉಪ್ಪು.

ನನ್ನ ಕೆಲಸ ನೀರು ಅಳೆಯುವುದು.
ಯಾವ ಬಿರುಕಿನಿಂದಲೋ ಬರುತ್ತದೆ,
ಪ್ಲಾಸ್ಟಿಕ್ ಹಾಳೆಯ ಮೇಲೆ ಜಾರಿ
ಕೊಳವೆ ಹಿಡಿದು ತೊಟ್ಟಿಗೆ ಬೀಳುತ್ತದೆ,
ಟಪ್.
ನೀಲಿ ಪುಸ್ತಕದಲ್ಲಿ ಲೀಟರು, ಗಂಟೆ, ಸಹಿ:
ವೀಬ್ಕೆ ಲ್ಯುಡೆಕೆ.

ಉಪ್ಪಿನಲ್ಲಿ ನೀರಿಲ್ಲ ಎಂದಿದ್ದರು ಆಗ.
ನೀರಿದ್ದರೆ ಉಪ್ಪು ಕರಗುತ್ತಿತ್ತು,
ಕರಗಿಲ್ಲ, ಹಾಗಾಗಿ ನೀರಿಲ್ಲ.
ಕಪ್ಪುಹಲಗೆಯ ಮೇಲೆ ಬರೆದು
ಸೀಮೆಸುಣ್ಣದ ಕೈ ಕೊಡವಿಕೊಳ್ಳುವಷ್ಟು ಚೊಕ್ಕ ತರ್ಕ.

ಆ ತರ್ಕದ ಮೇಲೆ ಅಪ್ಪ ಲೋಡರ್ ಓಡಿಸಿದ.
ಮೊದಲು ಪೀಪಾಯಿಗಳನ್ನು ನಿಲ್ಲಿಸಿ ಜೋಡಿಸಿದರಂತೆ,
ಆಮೇಲೆ ಮಲಗಿಸಿ.
ಆಮೇಲೆ, ಲಾರಿಗಳು ಸಾಲುಗಟ್ಟಿದ ಮೇಲೆ,
ಇಳಿಜಾರಿನ ಅಂಚಿಗೆ ಬಂದು ಸುಮ್ಮನೆ ಸುರಿದರು.
ಹಳದಿ ಪೀಪಾಯಿಗಳು ದಡದಡ ಉರುಳಿ ಕತ್ತಲಿಗೆ,
ಮೇಲೊಂದು ಪದರ ಉಪ್ಪು,
ಅಜ್ಜಿ ಕೋಸನ್ನು ಹುಳಿಯಿಡುವಾಗ ಉದುರಿಸುತ್ತಿದ್ದ ಹಾಗೆ.
ಅಜ್ಜಿಯ ಭರಣಿ ಕ್ರಿಸ್ಮಸ್ಸಿಗೆ ತೆರೆಯುತ್ತಿತ್ತು.

ಆ ಸಂಬಳದಲ್ಲಿ ನನ್ನ ಹಲ್ಲಿನ ತಂತಿ,
ಅಡಿಗೆಮನೆಯ ಹಸಿರು ಹಂಚು,
ಎರಡು ಬೇಸಿಗೆ ಉತ್ತರ ಸಮುದ್ರದ ಮರಳು.
ಉಪ್ಪು ತಿಂದವರು ನೀರು ಕುಡಿಯಬೇಕು, ಸರಿ.
ಇಲ್ಲಿ ನೀರೇ ಉಪ್ಪು ತಿನ್ನುತ್ತಿದೆ.

ಊರಿನ ಹಿತ್ತಲುಗಳಲ್ಲಿ ಹಳದಿ ಬಳಿದ ಹಲಗೆಗಳು,
ಅಡ್ಡಡ್ಡ ಹೊಡೆದು ನೆಟ್ಟ ಪ್ರತಿಭಟನೆ.
ಪಕ್ಕದ ಮನೆಯ ಆಲ್ಸ್‌ವೇಡೆಯವರು ಬೇಲಿಯಾಚೆಯಿಂದ ಕೇಳುತ್ತಾರೆ,
ಬಾವಿಯ ನೀರು ಕುಡಿಯಬಹುದೇನಮ್ಮ?
ಕುಡಿಯಬಹುದು, ಅನ್ನುತ್ತೇನೆ.
ಇವತ್ತು, ಎಂಬ ಮಾತು ನಾಲಿಗೆಯಲ್ಲೇ ಉಳಿಯುತ್ತದೆ.

ಈಗ ಎಲ್ಲವನ್ನೂ ಮೇಲೆತ್ತಬೇಕಂತೆ.
ಎಲ್ಲ ಎಂದರೆ ಎಷ್ಟು? ಕಡತಗಳಲ್ಲಿ ತೂತು.
ಭಾನುವಾರ ಅಪ್ಪನನ್ನು ಕೇಳಿದೆ.
ಬೇಯಿಸಿದ ಆಲೂಗೆಡ್ಡೆ ಸುಲಿಯುತ್ತಿದ್ದ.
ನಲವತ್ತು ವರ್ಷ ಈ ಮಾತಿಗೆ ಕಿವುಡಾಗಿದ್ದವನು
ಉಪ್ಪಿನ ಡಬ್ಬಿ ಎತ್ತಿ ಮೇಜಿನ ಮೇಲೆ ಬೋರಲು ಹಾಕಿದ.
ಚಮಚದ ಬೆನ್ನಿಂದ ಸುರಂಗ ಎಳೆದ.
ಇದು ನಾಲ್ಕು. ಇದು ಏಳು. ಇಲ್ಲಿ ಗಾಳಿಕಿಂಡಿ.
ಆಮೇಲೆ ಕಿರುಬೆರಳಿಂದ ಒಂದು ಗುಳಿ,
ನನ್ನ ಯಾವ ನಕ್ಷೆಯಲ್ಲೂ ಇಲ್ಲದ್ದು.
"ಇದಕ್ಕೆ ನಂಬರಿಲ್ಲ. ನವೆಂಬರ್, ಮೂರು ರಾತ್ರಿಪಾಳಿ."

ಎಷ್ಟು ಅಪ್ಪ?
ಎರಡೂ ಅಂಗೈ ಬಿಚ್ಚಿದ, ಮುಚ್ಚಿದ, ಬಿಚ್ಚಿದ.
ನಾನು ನೂರಾನಲವತ್ತರವರೆಗೆ ಎಣಿಸಿದೆ.
ಅಂಗೈಗಳು ಇನ್ನೂ ಬಿಚ್ಚುತ್ತಿದ್ದವು.

ಅಮ್ಮ ಒದ್ದೆ ಬಟ್ಟೆ ಹಿಡಿದು ಬಂದಳು,
ಇದೇನು ರಂಪ ಅನ್ನುತ್ತ.
ಅಪ್ಪ ಅವಳ ಮಣಿಕಟ್ಟು ಹಿಡಿದ.
ನಾನು ಫೋನಿನಲ್ಲಿ ಚಿತ್ರ ತೆಗೆದೆ, ಕೈ ನಡುಗಿ ಮಸುಕಾಯಿತು,
ಮತ್ತೊಂದು ತೆಗೆದೆ.
ಬಟ್ಟೆಯಿಂದ ಒಂದು ಹನಿ
ಏಳನೆಯ ಕೋಣೆಯ ಮೇಲೆ ಬಿತ್ತು.
ಮೂವರೂ ನೋಡಿದೆವು.

ಸೋಮವಾರ. ಅದೇ ತೊಟ್ಟಿ, ಅದೇ ಪುಸ್ತಕ.
ಕೆಳಗಿರುವುದು ಅರ್ಧವಾಗಲು ಇಪ್ಪತ್ತನಾಲ್ಕು ಸಾವಿರ ವರ್ಷ,
ಪುಸ್ತಕಕ್ಕೆ ಇನ್ನೂರು ಪುಟ.
ಷರಾ ಎಂಬಲ್ಲಿ ಬರೆದೆ:
ನಂಬರಿಲ್ಲದ ಕೋಣೆ. ನವೆಂಬರ್. ಹೇಳಿದವರು, ನನ್ನ ಅಪ್ಪ.
ಹೊಡೆದುಹಾಕಿದೆ.
ಹಿನ್ನರ್ಕ್ ಲ್ಯುಡೆಕೆ, ಲೋಡರ್ ಚಾಲಕ, ಎಂದು ಬರೆದು
ಶಾಯಿ ಒಣಗಲೆಂದು ಊದಿದೆ.
ಈ ಸೆಕೆಯಲ್ಲಿ ಅದು ಬೇಗ ಒಣಗುತ್ತದೆ.